ಸೇತುವೆಯ ಮೇಲೆ ಸರಿದ ಚಾಪೆ

"ಏ ರಿಂಜಿರೊ, ಕನ್ನೊನ್ ದೇವೀನ ಎಲ್ಲಿ ಬಚ್ಚಿಟ್ಟಿದ್ದೀಯಪ್ಪಾ? ನಮಗೂ ಒಂದ್ಸಲ ದರ್ಶನ ಕೊಡ್ಸು."

ಮುಂದಿನ ಸಾಲಿನಿಂದ ಅಕ್ಕಿ ಅಂಗಡಿಯವನೊಬ್ಬ ಹೀಗೆ ಕೂಗಿದ್ದೇ ತಡ, ತ್ಸುಬಾಮೆ ಚಿತ್ರಮಂದಿರದ ಸೂರು ಕಿತ್ತುಹೋಗಿ ಕಾಮೊ ನದಿಗೆ ಬೀಳಬೇಕು, ಹಾಗೆ ನಗು ಎದ್ದಿತು.

ಪರದೆಯ ಮೇಲಿದ್ದ ರಿಂಜಿರೊಗೆ ಅದು ಕೇಳಿಸಲಿಲ್ಲ. ಅವನು ಆ ಹೊತ್ತಿನಲ್ಲಿ ಮಹಾಕಳ್ಳ 'ಹಲ್ಲಿ' ಸೊಕಿಚಿಯಾಗಿ, ಸುರಿಯುವ ಹಿಮದಲ್ಲಿ, ಉಗ್ರಾಣದ ಮಾಡಿನ ತುದಿಯಲ್ಲಿ ನಿಂತು ಒಂದು ಕತ್ತಿಗೆ ನೂರು ಕತ್ತಿ ಎಂಬಂತೆ ಕಾದಾಡುತ್ತಿದ್ದ. ಸೊಕಿಚಿ ಎಂದರೆ ಸಾಮಾನ್ಯ ಕಳ್ಳನೇ? ಸತ್ತು ಇನ್ನೂರು ವರ್ಷವಾದರೂ ಕ್ಯೋಟೊದ ಬಡ ತಾಯಂದಿರು ಅವನ ಕಥೆ ಹೇಳಿ ಮಕ್ಕಳಿಗೆ ಉಣಿಸುತ್ತಾರೆ; ಧಣಿಗಳು ಅವನ ಹೆಸರು ಕೇಳಿ ಉಣ್ಣುವುದನ್ನೇ ಬಿಡುತ್ತಾರೆ.

ಚಿತ್ರಕ್ಕೆ ಮಾತಿಲ್ಲ. ಬಾಯಿ ರಿಂಜಿರೊನದು, ದನಿ ಕೊಶುಯ್‌ನದು. ಪರದೆಯ ಪಕ್ಕದ ಪುಟ್ಟ ಮೇಜಿನ ಹಿಂದೆ ನಿಂತ ಈ ಕೊಶುಯ್ ಕಳ್ಳನಿಗೂ ಕಾವಲುಗಾರನಿಗೂ, ಕಳ್ಳನ ಪ್ರೇಯಸಿಗೂ, ಬೇಕೆಂದರೆ ಬೊಗಳುವ ನಾಯಿಗೂ ತಾನೊಬ್ಬನೇ ಗಂಟಲು ಕೊಡುವವನು. ಅವನು ಪಿಸುಗುಟ್ಟಿದರೆ ಹಿಂದಿನ ಬೀದಿಯ ಕಿವುಡ ಮುದುಕನೂ ಕಣ್ಣೊರೆಸಿಕೊಳ್ಳುತ್ತಿದ್ದ. ಮಾತುಗಾರರಿಗೆ ಬರವಿಲ್ಲದ ಜಪಾನಿನಲ್ಲಿ ಅಂಥ ಇನ್ನೊಂದು ಗಂಟಲನ್ನು ದೇವರೇ ಹುಡುಕಿದರೂ ಸಿಕ್ಕುತ್ತಿರಲಿಲ್ಲ.

ಆದರೆ ಈ ಒಂದು ಕೂಗಿಗೆ ಅವನ ದನಿ ಕೂದಲೆಳೆಯಷ್ಟು ಬಿರುಕು ಬಿಟ್ಟಿತು. ಯಾಕೆಂದರೆ ರಿಂಜಿರೊ ಅವನ ಸ್ವಂತ ತಮ್ಮ.

ಚಿತ್ರೀಕರಣದ ಕೊನೆಯ ದಿನ ರಿಂಜಿರೊ ಕಾಣೆಯಾಗಿದ್ದ. ಅದೇ ದಿನ, ಚಿತ್ರಕ್ಕೆಂದು ದೇವಾಲಯದಿಂದ ಎರವಲು ತಂದಿದ್ದ ಗೇಣುದ್ದದ ಹೊನ್ನಿನ ಕನ್ನೊನ್ ವಿಗ್ರಹವೂ ಕಾಣೆಯಾಗಿತ್ತು. ಎತ್ತು ಈಯಿತು ಎಂದರೆ ಕೊಟ್ಟಿಗೆಗೆ ಕಟ್ಟು ಎನ್ನುವ ಊರಿಗೆ ಇಷ್ಟು ಸಾಕಾಯಿತು. ಕಳ್ಳನ ವೇಷ ಹಾಕಿದವನು ಕಳ್ಳನೇ ಆದ. ಚಿತ್ರಮಂದಿರ ತುಂಬಿ ತುಳುಕುತ್ತಿದ್ದುದು ಅದಕ್ಕೇ.

ಎಲ್ಲರಿಗಿಂತ ಹಿಂದೆ, ಗೋಡೆಗೆ ಒರಗಿಸಿದ ಎತ್ತರದ ಕುರ್ಚಿಯಲ್ಲಿ, ಪೇದೆ ವಾಕಿಸಾಕ ಕುಳಿತಿದ್ದ.

ಅದು ಪೊಲೀಸರ ಕುರ್ಚಿ. ಮಂತ್ರಿಗಳ ಗೇಲಿ ನಡೆಯದಂತೆ, ಗಂಡಸರ ಬೆಂಚಿನವರು ಹೆಂಗಸರ ಬೆಂಚಿಗೆ ಸರಿಯದಂತೆ, ಪ್ರತಿ ಆಟಕ್ಕೂ ಒಬ್ಬ ಪೊಲೀಸಿನವನು ಅಲ್ಲಿ ಕೂರಲೇಬೇಕು. ಠಾಣೆಯಲ್ಲಿ ಯಾರಿಗೂ ಬೇಡವಾದವನನ್ನು ಅಲ್ಲಿಗೆ ಕಳಿಸುವುದು ವಾಡಿಕೆ. ವಾಕಿಸಾಕ ಎಷ್ಟು ಕಾಲದಿಂದ ಅಲ್ಲಿದ್ದನೆಂದರೆ, ಜನ ಅವನ ಮೊಣಕಾಲಿಗೆ ಕೊಡೆ ತೂಗುಹಾಕಿ ಹೋಗುತ್ತಿದ್ದರು.

ಅವತ್ತು ಅವನ ಕಣ್ಣು ಚಿತ್ರದ ಮೇಲಿದ್ದರೂ ಮನಸ್ಸು ಹೆಂಗಸರ ಬೆಂಚಿನ ಕೊನೆಯಲ್ಲಿದ್ದ ಒಂದು ಬೆಳ್ಳಿಗೂದಲಿನ ಮೇಲಿತ್ತು. ಓಟಾಕಿ. ಸ್ಟುಡಿಯೊದಲ್ಲಿ ರಿಂಜಿರೊಗೆ ಬಟ್ಟೆ ತೊಡಿಸುತ್ತಿದ್ದವಳು. ಆ ದಿನ ಸಂಜೆ ಸ್ಟುಡಿಯೊದಿಂದ ಹೊರಬಿದ್ದ ಪೆಟ್ಟಿಗೆ ಒಂದೇ, ಓಟಾಕಿಯ ಬಟ್ಟೆಯ ಪೆಟ್ಟಿಗೆ. ಬೀಗದ ಕೈ ಅವಳದು. ವಿಗ್ರಹವನ್ನು ಸಾಗಿಸಿದವಳು ಇವಳೇ ಎಂದು ಇನ್‌ಸ್ಪೆಕ್ಟರ್ ತೀರ್ಮಾನಿಸಿಬಿಟ್ಟಿದ್ದರು. ನಾಳೆ ಬೆಳಗ್ಗೆ ಅವಳ ಕೈಗೆ ಹಗ್ಗ.

"ಆ ಮುದುಕಿ ಅಂಥವಳಲ್ಲ ಸಾರ್" ಎಂದು ವಾಕಿಸಾಕ ಬಾಯಿ ತೆರೆದಾಗ ಅವರು ಹೇಳಿದ್ದು ಇಷ್ಟೇ: "ನೀನು ಸಿನಿಮಾ ನೋಡಪ್ಪ."

ನೋಡುತ್ತಿದ್ದ.

ಸೊಕಿಚಿ ಮಾಡಿನಿಂದ ಬಿದ್ದ. ಪರದೆ ಕತ್ತಲಾಗಿ ಮತ್ತೆ ಬೆಳಗಾಯಿತು. ಊರಿನ ಬಡವರು ಕಳ್ಳನ ಹೆಣವನ್ನು ಕದದ ಹಲಗೆಯ ಮೇಲೆ ಮಲಗಿಸಿ ಸೇತುವೆ ದಾಟಿಸುತ್ತಿದ್ದರು. ಮುಖಕ್ಕೆ ಬಿಳಿಯ ಬಟ್ಟೆ, ಮೈಮೇಲೆ ಹುಲ್ಲಿನ ಚಾಪೆ. ನಗುತ್ತಿದ್ದ ಜನ ಒಬ್ಬೊಬ್ಬರಾಗಿ ಸುಮ್ಮನಾದರು. ಪರದೆಯ ಬದಿಯಲ್ಲಿ ಶಮಿಸೆನ್ ವಾದ್ಯದ ತಂತಿ ಒಂದೇ ಒಂದು ಮಿಡಿಯುತ್ತಿತ್ತು.

"ಹೊತ್ತವರಿಗೆ ಹೆಣ ಭಾರವಿರಲಿಲ್ಲ" ಎಂದ ಕೊಶುಯ್. "ಅವನು ಬದುಕಿದ್ದಾಗ ಅವರ ಭಾರವನ್ನೆಲ್ಲ ಹೊತ್ತು ಹಗುರಾಗಿದ್ದ."

ಆಗ ಸೇತುವೆಯ ಮೇಲೆ ಗಾಳಿ ಬೀಸಿತು. ಚಾಪೆ ಎದೆಯ ತನಕ ಸರಿಯಿತು. ಹೊತ್ತವರಲ್ಲೊಬ್ಬ ಗಡಬಡಿಸಿ ಎಳೆದು ಮುಚ್ಚಿದ. ರೆಪ್ಪೆ ಬಡಿಯುವಷ್ಟು ಹೊತ್ತು, ಅಷ್ಟೇ.

ವಾಕಿಸಾಕನ ಮೊಣಕಾಲಿನ ಮೇಲಿದ್ದ ಯಾರದೋ ಕೊಡೆ ಕೆಳಗೆ ಬಿತ್ತು.

ಬಲ ಅಂಚು ಮೇಲಿತ್ತು.

ಬದುಕಿರುವವರು ಕಿಮೊನೊದ ಎಡ ಅಂಚನ್ನು ಮೇಲೆ ತಂದು ಉಡುತ್ತಾರೆ. ಕುಡುಕನೂ ಹಾಗೇ ಉಡುತ್ತಾನೆ, ಹುಚ್ಚನೂ ಹಾಗೇ ಉಡುತ್ತಾನೆ, ಬೆಂಕಿ ಬಿದ್ದ ಮನೆಯಿಂದ ಓಡಿಬರುವವನೂ ಹಾಗೇ ಉಟ್ಟುಕೊಂಡು ಓಡುತ್ತಾನೆ. ಬಲ ಅಂಚು ಮೇಲೆ ಬರುವುದು ಜನ್ಮಕ್ಕೊಮ್ಮೆ. ಆ ಸಲ ಉಡುವವನು ತಾನಾಗಿ ಉಟ್ಟುಕೊಳ್ಳುವುದಿಲ್ಲ.

*

ಯಂತ್ರದ ಕೋಣೆ ಒಲೆಯಂತೆ ಕಾದಿತ್ತು. ಚಿತ್ರ ಬಿಡುವ ಗಿಹೇ ಅಂಗಿ ಕಳಚಿ ಕುಳಿತು, ಬೇಯಿಸಿದ ಗೆಣಸು ತಿನ್ನುತ್ತಿದ್ದ.

"ಬನ್ನಿ ಸಾಹೇಬ್ರೆ. ಸಿಗರೇಟು ಗಿಗರೇಟು ಇದ್ರೆ ಹೊರಗೇ ಎಸೆದು ಬನ್ನಿ. ಇಲ್ಲಿ ಒಂದು ಕಿಡಿ ಬಿದ್ರೆ ಇಡೀ ಬೀದಿ ಒಟ್ಟಿಗೆ ಸ್ವರ್ಗಕ್ಕೆ."

"ಕೊನೇ ಸುರುಳಿ ತೋರ್ಸು. ಸೇತುವೆ."

"ಇಷ್ಟು ದಿನ ನೋಡಿದ್ದು ಸಾಲ್ದಾ?"

"ಗಿಹೇ."

ಆ ದನಿಯನ್ನು ಗಿಹೇ ಈ ಮೊದಲು ಕೇಳಿರಲಿಲ್ಲ. ಗೆಣಸನ್ನು ಬದಿಗಿಟ್ಟು, ಕೈಯನ್ನು ತೊಡೆಗೆ ಒರೆಸಿ, ಸುರುಳಿ ಬಿಚ್ಚಿ ದೀಪದ ಗಾಜಿನೆದುರು ಹಿಡಿದ. ಹೆಬ್ಬೆರಳ ಉಗುರಿನಷ್ಟಗಲದ ಚಿತ್ರಗಳು. ಉಗುರಿನೊಳಗೆ ಸೇತುವೆ, ಸೇತುವೆಯ ಮೇಲೆ ಹೆಣ.

"ಇದನ್ನ ನೀನು ತಿರುಗುಮುರುಗಾಗಿ ಹಾಕಿಲ್ಲ ತಾನೆ? ಕನ್ನಡಿಯೊಳಗಿನ ಹಾಗೆ?"

ಗಿಹೇಗೆ ಸಿಟ್ಟು ನೆತ್ತಿಗೇರಿತು. "ನಮ್ಮಪ್ಪನಾಣೆ, ನಾನು ಕೈಗೆ ಸುರುಳಿ ತಗೊಂಡಾಗಿಂದ ಒಂದು ಸಲಾನೂ... ನೋಡಿ, ಸೇತುವೆ ಹೆಸರಿನ ಹಲಗೆ ಇದೆ. ಅಕ್ಷರ ಸರಿಯಾಗಿ ಓದೋಕೆ ಬರುತ್ತಾ ಇಲ್ವಾ?"

ಬರುತ್ತಿತ್ತು. ದಾರಿಬದಿಯಲ್ಲಿ ತಲೆಬಾಗಿ ನಿಂತ ಮುದಿ ಸಮುರಾಯ್‌ನ ಕತ್ತಿಯೂ ಇರಬೇಕಾದ ಎಡ ಸೊಂಟದಲ್ಲೇ ಇತ್ತು. ಹೊತ್ತವರೆಲ್ಲರ ಎಡ ಅಂಚು ಮೇಲಿತ್ತು. ಲೋಕವೆಲ್ಲ ನೆಟ್ಟಗಿತ್ತು, ಹಲಗೆಯ ಮೇಲೆ ಮಲಗಿದವನೊಬ್ಬನೇ ತಿರುಗುಮುರುಗು.

"ಮಾಡಿನ ಮೇಲಿಂದ ಬೀಳೋ ಚಿತ್ರ ತೋರ್ಸು."

ಗಿಹೇ ಸುರುಳಿ ಹಿಂದಕ್ಕೆ ಸುತ್ತಿದ. ಅದೇ ಕಿಮೊನೊ, ಅದೇ ಪಟ್ಟೆ. ಬೀಳುತ್ತಿದ್ದ ಸೊಕಿಚಿಯ ಎಡ ಅಂಚು ಮೇಲಿತ್ತು.

ಗಿಹೇ ಈಗ ತಾನೂ ಕಣ್ಣು ಕಿರಿದು ಮಾಡಿ ನೋಡಿದ. ನೋಡುತ್ತ ನೋಡುತ್ತ ಅವನ ದವಡೆ ನಿಂತಿತು. ಬಾಯಲ್ಲಿದ್ದ ಗೆಣಸನ್ನು ನುಂಗಲೂ ಆಗದೆ ಉಗುಳಲೂ ಆಗದೆ, "ಸತ್ತವನ ಪಾತ್ರ ಅಲ್ವಾ ಸಾಹೇಬ್ರೆ" ಎಂದ ಮೆಲ್ಲಗೆ. "ಅದಕ್ಕೇ ಹಾಗೆ ಉಡಿಸಿರ್ತಾರೆ."

"ನಿನಗೆ ಉಡಿಸಿದ್ರೆ ಮಲಗ್ತೀಯಾ?"

ಗಿಹೇ ಅಡ್ಡಡ್ಡ ತಲೆಯಾಡಿಸಿದ. ಯಾವ ನಟನೂ ಮಲಗುವುದಿಲ್ಲ. ಜೀವವಿರುವ ಮೈಗೆ ಹಾಗೆ ಉಡಿಸುವ ಕೈಯೂ ಇಲ್ಲ, ಬೆರಳೇ ಒಪ್ಪುವುದಿಲ್ಲ. ಆ ಬಟ್ಟೆಯನ್ನು ಉಡಿಸಿದವರಿಗೆ ಒಳಗಿರುವುದು ಹೆಣವೆಂದು ಗೊತ್ತಿತ್ತು.

ಹಾಗಿದ್ದರೆ ರಿಂಜಿರೊ ಓಡಿಹೋಗಿರಲಿಲ್ಲ. ದೇವಿಯನ್ನು ಕದ್ದಿರಲಿಲ್ಲ. ದಿನವೂ ಮೂರಾಟ, ಇಡೀ ಊರಿನ ಎದುರು ಆ ಸೇತುವೆ ದಾಟುತ್ತಿದ್ದ. ಊರು ಅವನನ್ನು ಕಳ್ಳನೆಂದು ಕೂಗುತ್ತಿತ್ತು.

ವಾಕಿಸಾಕನಿಗೆ ಮೊದಲು ಬಂದದ್ದು ಸಂತೋಷ. ಸತ್ತವನು ವಿಗ್ರಹ ಕದ್ದು ಓಡಲಾರ. ಓಡದವನಿಗೆ ಓಟಾಕಿ ಹೇಗೆ ನೆರವಾದಾಳು? ಅಜ್ಜಿ ಬದುಕಿಕೊಂಡಳು.

ಮೆಟ್ಟಿಲು ಇಳಿಯುವಾಗ ಎರಡನೆಯ ಯೋಚನೆ ಬಂತು. ಬಟ್ಟೆ ತೊಡಿಸುವ ಕೆಲಸ ಯಾರದು?



*

ಓಟಾಕಿ ಪಕ್ಕದ ಉದೊನ್ ಶಾವಿಗೆ ಅಂಗಡಿಯ ಮೂಲೆಯಲ್ಲಿ ಬಟ್ಟಲು ಮುಂದಿಟ್ಟುಕೊಂಡು ಕುಳಿತಿದ್ದಳು. ಪಕ್ಕದಲ್ಲಿ ಒಂದು ಗಂಟು.

"ಎಲ್ಲಿಗೋ ಹೊರಟ ಹಾಗಿದೆ ಅಜ್ಜಿ."

"ನಿಮ್ಮ ಮನೆಗೇ ಸ್ವಾಮಿ. ಹತ್ತಿ ಹಾಕಿದ ಅಂಗಿ, ಕಾಲುಚೀಲ. ಲಾಕಪ್ಪಲ್ಲಿ ಚಳಿ ಜಾಸ್ತಿ ಅಂತಾರಲ್ಲ. ನಿಮ್ಮೋರು ಬೆಳಗ್ಗೆ ಬರ್ತಾರೋ, ಊಟ ಆದ್ಮೇಲೋ?"

"ಬೆಳಗ್ಗೆ."

"ಹಾಗಾದ್ರೆ ಅಕ್ಕಿ ನೆನೆ ಹಾಕೋದು ಬೇಡ." ಅವಳು ಬಟ್ಟಲನ್ನು ಅವನ ಕಡೆ ತಳ್ಳಿದಳು. "ತಿನ್ನಿ. ನನಗೆ ಸೇರ್ತಿಲ್ಲ. ನಿಮ್ಮ ಮುಖ ನೋಡಿದ್ರೆ ನೀವೇ ಲಾಕಪ್ಪಿಗೆ ಹೋಗೋ ಹಾಗಿದ್ದೀರಿ."

ವಾಕಿಸಾಕ ಬಟ್ಟಲು ಮುಟ್ಟಲಿಲ್ಲ. "ಸೇತುವೆ ಮೇಲೆ ಚಾಪೆ ಸರೀತಲ್ಲ ಅಜ್ಜಿ."

ಅವಳ ಕೈ ಗಂಟಿನ ಮೇಲೆ ಹೋಗಿ ಕುಳಿತಿತು. ಅಂಗಡಿಯಾಕೆ ಒಲೆಯ ಕಡೆ ತಿರುಗುವ ತನಕ ಅವಳು ಕಾದಳು.

"ಕಂಡ್ರಾ?"

"ಕಂಡೆ."

"ಊರಿಗೆ ಊರೇ ನೋಡ್ತು, ಯಾರಿಗೂ ಕಾಣ್ಲಿಲ್ಲ. ನಿಮಗೆ ಕಂಡ್ತು." ಅವಳ ದನಿಯಲ್ಲಿ ಹೆದರಿಕೆ ಇರಲಿಲ್ಲ, ಬಹಳ ದೂರ ನಡೆದವರು ಹೊರೆ ಇಳಿಸುವ ದನಿ ಅದು. "ಅವತ್ತು ಬೆಳಗಾಗೋಕೆ ಮುಂಚೆ ನಿರ್ದೇಶಕ ಕುಜೆ ಅವ್ರು ಹೇಳಿಕಳಿಸಿದ್ರು. ಹೋದೆ. ಉಗ್ರಾಣದ ಹಿಂದೆ ಹಲಗೆ ಮೇಲೆ ಮಲಗಿಸಿದ್ರು. ರಿಂಜಿರೊ ಮಾಡಿನಿಂದ ಬಿದ್ದ ಅಂದ್ರು. ಮುಖ ನಜ್ಜುಗುಜ್ಜಾಗಿದೆ, ಬಟ್ಟೆ ತೆಗೀಬೇಡ ಅಂದ್ರು. ನಾನು ತೆಗೀಲಿಲ್ಲ."

"ಪೊಲೀಸರಿಗೆ ಯಾಕೆ ಹೇಳ್ಲಿಲ್ಲ?"

"ಅಷ್ಟು ದೊಡ್ಡ ಮನುಷ್ಯ ನೆಲಕ್ಕೆ ಹಣೆ ಹಚ್ಚಿ ಬೇಡ್ಕೊಂಡ್ರು ಸ್ವಾಮಿ. ಪೊಲೀಸ್ ಬಂದ್ರೆ ಚಿತ್ರ ನಿಲ್ಲುತ್ತೆ. ಇಷ್ಟು ಜನರ ಮನೇಲಿ ಹೊಸವರ್ಷಕ್ಕೆ ಅನ್ನ ಬೇಯಲ್ಲ. ಸೇತುವೆ ದೃಶ್ಯ ಒಂದು ಉಳಿದಿದೆ, ಇವನೇ ಅದನ್ನ ಮುಗಿಸಿಕೊಡ್ಲಿ, ಆಮೇಲೆ ಹೆಣಾನ ಅವನ ಅಣ್ಣನಿಗೆ ಒಪ್ಪಿಸ್ತೀನಿ ಅಂದ್ರು."

"ನೀವು ಉಡಿಸಿದ್ರಿ."

"ಉಡಿಸ್ದೆ. ಒಳಂಗಿ ಮೈಮೇಲಿತ್ತು, ಕುಜೆ ಅವ್ರು ಎತ್ತಿ ಹಿಡಿದ್ರು, ಅದರ ಮೇಲೇ ಉಡಿಸ್ದೆ. ಹನ್ನೊಂದು ವರ್ಷ ಉಡಿಸಿದ ಮೈ ನನ್ನ ಕೈಗೆ ಗುರುತೇ ಸಿಗದ ಹಾಗಿತ್ತು. ಪ್ರಾಣ ಹೋದ್ಮೇಲೆ ಮೈ ಕೂಡ ಹೊರಗಿನವರದ್ದಾಗಿಬಿಡುತ್ತೆ ಅಂದ್ಕೊಂಡು ಅತ್ತೆ."

ವಾಕಿಸಾಕನ ಮುಂದಿನ ಮಾತು ನಾಲಿಗೆಯ ಮೇಲೆ ಕಲ್ಲಿನಂತೆ ಕುಳಿತಿತ್ತು.

"ಅಜ್ಜಿ, ಇದನ್ನ ನಾನು ಮುಚ್ಚಿಡೋಕೆ ಆಗಲ್ಲ. ಕಂಡಿದ್ದು ಕಂಡ ಮೇಲೆ ಬರೆಸ್ಲೇಬೇಕು. ಇಲ್ಲೀತನಕ ನಿಮ್ಮ ಮೇಲಿದ್ದದ್ದು ಕಳ್ಳತನ. ಬಲ ಅಂಚು ಮೇಲೆ ತಂದು ಉಡಿಸಿದ ಕೈ ನಿಮ್ಮದು ಅಂದ್ರೆ ನಾಳೆ ಅದು ಕೊಲೆ ಆಗುತ್ತೆ."

ಓಟಾಕಿ ತಲೆಯೆತ್ತಿದಳು. ಮೊದಲ ಬಾರಿಗೆ ಅವಳ ಕಣ್ಣಲ್ಲಿ ಕಿಡಿ ಕಂಡಿತು.

"ಏನಂದ್ರಿ? ನಾನು ಬಲ ಅಂಚು ಮೇಲೆ ತಂದ್ನಾ? ನಾನು?"

"ಚಿತ್ರದಲ್ಲಿ..."

"ಚಿತ್ರದಲ್ಲಿ ಕಂಡಿದ್ದು ನಂಗೂ ಕಂಡಿದೆ. ಮೊದಲ್ನೇ ದಿನಾನೇ ಕಂಡು ಬಾಯಿಗೆ ತೋಳಿನ ಬಟ್ಟೆ ತುರುಕಿಕೊಂಡೆ. ಆದ್ರೆ ನಾನು ಎಡ ಅಂಚೇ ಮೇಲೆ ತಂದಿದ್ದು. ಅವನಿಗೆ ಇನ್ನೊಂದು ದೃಶ್ಯ ಬಾಕಿ ಇತ್ತು. ದೃಶ್ಯ ಬಾಕಿ ಇರೋನು ನನ್ನ ಲೆಕ್ಕದಲ್ಲಿ ಸತ್ತೋನಲ್ಲ."

ವಾಕಿಸಾಕ ಬಟ್ಟಲನ್ನು ಬದಿಗೆ ಸರಿಸಿದ.

"ಹಾಗಾದ್ರೆ ನಿಮ್ಮ ನಂತರ ಯಾರೋ ಬಿಚ್ಚಿ ಮತ್ತೆ ಉಡಿಸಿದ್ದಾರೆ."

ಅವಳು ಗಂಟಿನ ಗಂಟನ್ನು ಬಿಗಿ ಮಾಡಿದಳು. ಅದು ಈಗಾಗಲೇ ಬಿಗಿಯಾಗಿತ್ತು.

"ಅಜ್ಜಿ, ಕ್ಯಾಮೆರಾ ಬರೋಕೆ ಮುಂಚೆ ಅವನ ಹತ್ರ ಒಬ್ಬರೇ ಕೂತಿದ್ದು ಯಾರು?"

"ಕೇಳ್ಬೇಡಿ ಸ್ವಾಮಿ. 'ಬಾಯಿ ಬಿಡ್ಬೇಡ ಅಜ್ಜಿ, ಹೊತ್ತು ಬಂದಾಗ ನಾನೇ ಹೇಳ್ತೀನಿ' ಅಂತ ನನ್ನ ಕೈಹಿಡಿದು ಅಂದ. ಅವನಾದ್ರೂ ಯಾರು? ರಕ್ತ ಹಂಚ್ಕೊಂಡು ಹುಟ್ಟಿದೋನು. ತನ್ನೋನನ್ನ ಬದುಕಿದವನ ಹಾಗೆ ಕಳಿಸೋಕೆ ಅವನಿಗೆ ಮನಸ್ಸು ಬಂದಿರ್ಲಿಕ್ಕಿಲ್ಲ. ನಾನಾಗಿದ್ರೂ..."

ಅವಳು ನಿಲ್ಲಿಸಿದಳು. ಹೇಳಬಾರದ್ದನ್ನು ಹೇಳಿ ಆಗಿತ್ತು.

*

ಕೊಶುಯ್ ಪರದೆಯ ಹಿಂದಿನ ಕಿರುಕೋಣೆಯಲ್ಲಿ ಸಂಜೆಯ ಆಟಕ್ಕೆ ಗಂಟಲು ಹದ ಮಾಡಿಕೊಳ್ಳುತ್ತಿದ್ದ. ಕರಿಯ ಮೇಲಂಗಿ, ಎದೆಯ ಮೇಲೆ ಮನೆತನದ ಬಿಳಿ ಮುದ್ರೆ. ಕೈಯಲ್ಲಿ ಹಸಿ ಮೊಟ್ಟೆ.

"ಓ ವಾಕಿಸಾಕ ಅವ್ರು. ಕುರ್ಚಿಗೂ ನಿಮಗೂ ನಡುವೆ ಬೇರು ಬಿಟ್ಟಿದೆ ಅಂತಿದ್ರು ಜನ. ಕಿತ್ಕೊಂಡು ಬಂದ್ರಾ?"

"ನೀನು ಅವತ್ತು ಉಜುಮಾಸದ ಸ್ಟುಡಿಯೊಗೆ ಹೋಗಿರ್ಲಿಲ್ಲ ಅಂತ ಹೇಳಿಕೆ ಕೊಟ್ಟಿದ್ದೀಯ."

"ಕೊಟ್ಟಿದ್ದೀನಿ."

"ತಮ್ಮ ಮಂಚೂರಿಯಾಕ್ಕೆ ಹೋಗಿರ್ಬೇಕು ಅಂದೆ."

"ಅಂದೆ. ಅಲ್ಲಿ ಚಳಿ ಬಹಳ ಅಂತ ಕೂಡ ಅಂದೆ." ಅವನು ಮೊಟ್ಟೆಗೆ ಸೂಜಿಯಿಂದ ತೂತು ಮಾಡಿ ಒಂದೇ ಗುಟುಕಿಗೆ ಹೀರಿದ. "ಟೋಕಿಯೊದಲ್ಲಿ ಮಾತಾಡೋ ಚಿತ್ರ ಬರ್ತಿದೆಯಂತೆ. ಬಂದ್ಮೇಲೆ ನನಗೂ ಮಂಚೂರಿಯಾನೇ ಗತಿ."

"ಓಟಾಕಿ ಅಜ್ಜಿ ಗಂಟು ಕಟ್ಕೊಂಡು ಕೂತಿದ್ದಾಳೆ."

ಖಾಲಿ ಚಿಪ್ಪು ಕೊಶುಯ್‌ನ ಬೆರಳ ನಡುವೆ ಒಡೆಯಿತು.

"ಕಳ್ಳತನಕ್ಕಲ್ಲ. ಬಲ ಅಂಚಿಗೆ" ಎಂದ ವಾಕಿಸಾಕ. "ನನಗೆ ಕಂಡಿದೆ. ಚಾಪೆ ಸರಿದಾಗ. ನಾಳೆ ಇನ್‌ಸ್ಪೆಕ್ಟರಿಗೂ ಕಾಣ್ಸುತ್ತೆ, ನಾನೇ ತೋರಿಸ್ಬೇಕು. ಉಡಿಸೋ ಕೆಲಸ ಅವಳದ್ದು, ಆದ್ದರಿಂದ ಕೊಲೆಯೂ ಅವಳದ್ದೇ ಅಂತ ಬರ್ಕೋತಾರೆ. ನೀನು ಅವಳ ಬಾಯಿಗೆ ಬೀಗ ಹಾಕಿದ್ದೀಯ, ಆ ಬೀಗ ಕಚ್ಕೊಂಡೇ ಅವಳು ನೇಣಿಗೆ ಹೋಗ್ತಾಳೆ. ಅವಳನ್ನ ನೀನು ಬಲ್ಲೆ."

ಹೊರಗೆ ಜನ ತುಂಬುವ ಸದ್ದು. ಬಾಡಿಗೆ ದಿಂಬು ಕೊಡುವವಳ ಕೂಗು, ಸುಟ್ಟ ಒಣಮೀನಿನ ವಾಸನೆ. ಶಮಿಸೆನ್ ನುಡಿಸುವವನು ತಂತಿ ಬಿಗಿಯುತ್ತಿದ್ದ.

"ಉಡಿಸಿದ್ದು ನಾನು" ಎಂದ ಕೊಶುಯ್.

ಊರೆಲ್ಲ ಮೆಚ್ಚಿದ್ದ ಆ ಗಂಟಲಿನಿಂದ ಬಂದ ದನಿ ಈಗ ಎರಡು ಮೊಳ ದೂರಕ್ಕೂ ಕೇಳಿಸುವಂತಿರಲಿಲ್ಲ.

"ಕುಜೆ ಹೇಳಿಕಳಿಸಿದ್ರು, ಹೋದೆ. ಅಜ್ಜಿ ನನ್ನ ನೋಡಿ ಎದ್ದು ಆಚೆ ಹೋದ್ಲು. ಎಡ ಅಂಚು ಮೇಲಿತ್ತು. ಯಾವುದೋ ಮದುವೆಗೆ ಹೊರಟೋನ ಹಾಗೆ. ನನಗೆ ತಡೀಲಿಲ್ಲ. ಬಿಚ್ಚಿದೆ. ಸತ್ತೋನಿಗೆ ಸಲ್ಲೋದನ್ನ ಸಲ್ಲಿಸೋಣ, ಯಾವನ ಕ್ಯಾಮೆರಾ ಏನು ಬೇಕಾದ್ರೂ ತಕೊಳ್ಲಿ ಅಂದ್ಕೊಂಡೆ."

"ಹೆಣ ಈಗೆಲ್ಲಿ?"

"ಸುಟ್ಟೆ. ಮಂತ್ರ ಹೇಳಿಸಿದೆ. ಮೂಳೆ ಆಯ್ದೆ."

"ಸರಿ" ಎಂದ ವಾಕಿಸಾಕ. ಅವನ ಎದೆಯ ಮೇಲಿನ ಕಲ್ಲು ಅರ್ಧ ಇಳಿದಂತಾಯಿತು. "ಇದನ್ನೇ ಇನ್‌ಸ್ಪೆಕ್ಟರ್ ಎದುರು ಹೇಳು. ರಿಂಜಿರೊ ಮಾಡಿನಿಂದ ಬಿದ್ದು ಸತ್ತ, ಕುಜೆ ಮುಚ್ಚಿಟ್ರು, ಅಣ್ಣನಾಗಿ ನಾನು ಉಡಿಸಿದೆ, ಸುಟ್ಟೆ. ಅಷ್ಟು ಹೇಳು. ಅಜ್ಜಿ ಮನೆಗೆ ಹೋಗ್ತಾಳೆ. ನಿನ್ನ ತಮ್ಮನ ಹೆಸರಿಗೆ ಅಂಟಿದ ಕೊಳೇನೂ ಹೋಗುತ್ತೆ. ಅವನನ್ನ ದಿನಾ ಕಳ್ಳ ಅಂತಾರಲ್ಲ, ನಿನಗೆ ಏನೂ ಅನ್ಸಲ್ವಾ?"

"ಹೇಳೋಕಾಗಲ್ಲ."

"ಯಾಕೆ?"

"ಸುಳ್ಳಾಗುತ್ತೆ."

ಕೊಶುಯ್ ಕೈಗಂಟಿದ ಮೊಟ್ಟೆಯ ಲೋಳೆಯನ್ನು ಬಟ್ಟೆಗೆ ಒರೆಸಿದ, ಮತ್ತೆ ಒರೆಸಿದ.

"ಸುಳ್ಳು ಹೇಳೋದು ನನ್ನ ಕಸುಬೇ. ಪರದೆ ಪಕ್ಕ ನಿಂತು ಹೇಳಿದ್ದೆಲ್ಲ ಸುಳ್ಳೇ. ಆದ್ರೆ ಈ ಸುಳ್ಳು ಹೇಳಿದ್ರೆ ನೀವು ಮಾಡಿನ ಹತ್ರ ಹೋಗ್ತೀರಿ, ಅಳೀತೀರಿ, ಬಿದ್ದಿದ್ದಲ್ಲ ಅಂತ ಕಂಡುಹಿಡೀತೀರಿ. ಆಗ ಮತ್ತೆ ಅದೇ ಮುದುಕಿ ಮೇಲೆ ಹೆಣ ಹೇರ್ತೀರಿ. ಅದು ನನ್ನ ಗಂಟಲಲ್ಲಿ ಇಳಿಯಲ್ಲ." ಅವನು ಉಸಿರೆಳೆದುಕೊಂಡ. "ಚಿಕ್ಕೋನಿದ್ದಾಗ ರಿಂಜಿರೊ ಪುಂಡ ಅಂದ್ರೆ ಪುಂಡ. ಕ್ಯೋಟೊದಲ್ಲಿ ಅವನು ಹತ್ತದ ಮರ ಇರ್ಲಿಲ್ಲ, ಬೀಳದ ಮರಾನೂ ಇರ್ಲಿಲ್ಲ. ತುಂಟತನ ಇಳೀಲಿ ಅಂತ ನಮ್ಮಮ್ಮ ಬೆನ್ನಿಗೆ ಬರೆ ಹಾಕಿಸಿದ್ಲು. ಬೆನ್ನುಮೂಳೆ ಎರಡೂ ಕಡೆ, ಮೂಲಿಕೆ ಉಂಡೆ ಇಟ್ಟು ಸುಟ್ಟು. ನಾನೇ ಅವನ ಕೈ ಹಿಡ್ಕೊಂಡಿದ್ದೆ. ಸ್ನಾನದ ಮನೇಲಿ ಎಷ್ಟೋ ವರ್ಷ ಆ ಬೆನ್ನು ತಿಕ್ಕಿದ್ದೀನಿ. ಕಣ್ಣು ಮುಚ್ಚಿ ಬೆರಳಿಟ್ರೂ ಪ್ರತಿಯೊಂದು ಬರೆ ಸಿಗುತ್ತೆ."

"ಅದಕ್ಕೆ?"

"ಅಂಚು ತಿರುಗಿಸ್ಬೇಕಲ್ಲ, ಒಳಂಗೀನೂ ಬಿಚ್ಚಿದೆ. ಮಗ್ಗುಲಾಗಿಸಿದೆ." ಕೊಶುಯ್ ತನ್ನ ಅಂಗೈಯನ್ನು ನೋಡಿಕೊಂಡ, ಅದು ಈಗಲೂ ಆ ಬೆನ್ನಿನ ಮೇಲಿರುವಂತೆ. "ಬೆನ್ನು ಹಾಲಿನ ಹಾಗೆ ಬೆಳ್ಳಗಿತ್ತು ವಾಕಿಸಾಕ ಅವ್ರೆ. ಒಂದು ಕಲೆ ಇರ್ಲಿಲ್ಲ."

ಓಟಾಕಿಯ ಕೈಗೆ ಗುರುತು ಸಿಗದ ಮೈ. ತೆಗೆಯಬೇಡ ಎಂದ ಮುಖದ ಬಟ್ಟೆ. ಕಳ್ಳನಾಗಿ ಓಡಿಹೋದವನನ್ನು ವಾಕಿಸಾಕ ಮಧ್ಯಾಹ್ನ ಹೆಣವಾಗಿ ಕಂಡುಹಿಡಿದಿದ್ದ. ಸಂಜೆಯಾಗುವುದರೊಳಗೆ ಆ ಹೆಣವೂ ಕೈಜಾರಿತ್ತು.

"ಹಾಗಾದ್ರೆ ಅದು ಯಾರು?"

"ಗೊತ್ತಿಲ್ಲ."

"ಯಾರೋ ಗೊತ್ತಿಲ್ಲದೋನಿಗೆ ಮತ್ಯಾಕೆ ಬಲ ಅಂಚು ಮೇಲೆ ತಂದು ಉಡಿಸಿದೆ? ಬೆನ್ನು ಕಂಡ ಕೂಡ್ಲೇ ಕೂಗ್ಬೇಕಿತ್ತು."

"ಯಾರಾದ್ರೇನು, ಸತ್ತಿದ್ದ. ಅವನಿಗೆ ಅಂತ ಅಲ್ಲಿ ಯಾರಿದ್ರು? ಉಡಿಸಿದ ಕೈಯೆಲ್ಲ ಬೇರೆಯವನಿಗೆ ಅಂತ ಉಡಿಸಿದ್ವು." ಅವನು ಎದ್ದು ಮೇಲಂಗಿಯ ಮಡಿಕೆ ಸರಿಮಾಡಿಕೊಂಡ. "ದಿನಾ ಮೂರು ಹೊತ್ತು ಸೇತುವೆ ಮೇಲೆ ಅವನು ಹೋಗ್ವಾಗ ನಾನು ನಾಲ್ಕು ಒಳ್ಳೆ ಮಾತು ಹೇಳ್ತೀನಿ. ಜನ ಅಳ್ತಾರೆ. ಹೆಸರು ಗೊತ್ತಿಲ್ಲದೋನಿಗೆ ಅಷ್ಟು ದೊಡ್ಡ ಶವಯಾತ್ರೆ ರಾಜಧಾನೀಲಿ ಯಾವ ಮಂತ್ರಿಗೂ ಆಗಿಲ್ಲ."

ಗಂಟೆ ಹೊಡೆಯಿತು. ಹೊರಗೆ ಚಪ್ಪಾಳೆ ಎದ್ದಿತು. ಯಾರೋ ಆಗಲೇ ಕೂಗುತ್ತಿದ್ದರು: "ರಿಂಜಿರೊ, ಇವತ್ತಾದ್ರೂ ವಾಪಸ್ ಕೊಡೋ."

"ನಿಲ್ಲು." ವಾಕಿಸಾಕ ಅವನ ತೋಳು ಹಿಡಿದ. "ಇಷ್ಟೇ ಹೇಳಿದ್ರೂ ಅಜ್ಜಿ ಬಿಡುಗಡೆ ಆಗ್ತಾಳೆ. ಗುರುತು ಸಿಗದ ಹೆಣ, ಮುಚ್ಚಿಟ್ಟೋನು ಕುಜೆ, ಉಡಿಸಿದೋನು ನೀನು. ಇದ್ರಲ್ಲಿ ಹೇಳೋಕಾಗದ್ದು ಏನಿದೆ? ನಿನ್ನ ತಮ್ಮನ ಹೆಸರೇ ಬರಲ್ಲ."

ಕೊಶುಯ್ ಪರದೆಯ ಅಂಚನ್ನು ಹಿಡಿದು ನಿಂತ. ಮೇಜಿನ ಮೇಲಿನ ಪುಟ್ಟ ದೀಪದ ಬೆಳಕು ಅವನ ಮುಖದ ಅರ್ಧಕ್ಕೆ ಬೀಳುತ್ತಿತ್ತು.

"ಹೆಣಕ್ಕೆ ಒಬ್ಬನೇ ಉಡಿಸೋಕಾಗಲ್ಲ ವಾಕಿಸಾಕ ಅವ್ರೆ. ಮೈ ಮರಗಟ್ಟಿರುತ್ತೆ. ಸೊಂಟದ ಪಟ್ಟಿ ಸುತ್ತೋಕೆ ಆಚೆ ಕಡೆ ಇನ್ನೊಬ್ಬರು ಬೇಕು. ಆ ಇನ್ನೊಬ್ಬರು ಯಾರು ಅಂತ ನಿಮ್ಮ ಇನ್‌ಸ್ಪೆಕ್ಟರ್ ಕೇಳೇ ಕೇಳ್ತಾರೆ. ನಾನು ಒದ್ದಾಡ್ತಾ ಇದ್ದೆ. ಹಿಂದಿನಿಂದ ಯಾರೋ ಬಂದು ಮಂಡಿಯೂರಿದ್ರು. ಪಟ್ಟಿಯ ಆ ತುದೀನ ಹಿಡ್ಕೊಂಡ್ರು. ಕುಜೆ ಅಂದ್ಕೊಂಡೆ."

"ಅಲ್ವಾ?"

"'ಈ ಕಡೆ ನಾನು ಎತ್ತಿ ಹಿಡೀತೀನಿ, ನೀನು ಗಂಟು ಹಾಕು ಅಣ್ಣ' ಅಂದ ರಿಂಜಿರೊ."

ಅವನು ಪರದೆ ಸರಿಸಿ ಚಪ್ಪಾಳೆಯೊಳಕ್ಕೆ ನಡೆದುಹೋದ.